ಫೋಟೋದ ಕೆಳಗಿನ ಹೆಸರು

ಇಪ್ಪತ್ತು ವರ್ಷಗಳಿಂದ ಜನರ ಹೆಸರು ಟೈಪ್ ಮಾಡುತ್ತಿದ್ದೇನೆ. ಒಂದು ಒತ್ತಕ್ಷರ ತಪ್ಪಿಸಿದವಳಲ್ಲ, ಒಂದು ಇನಿಶಿಯಲ್ ಬಿಟ್ಟವಳಲ್ಲ. ಆದರೆ ಒಮ್ಮೆ, ನಾನೇ ಬರೆದ ಹೆಸರೊಂದನ್ನು ಬೇರೆಯಾಗಿ ಓದಿ ಹೇಳಿದೆ. ಬಾಯಿತಪ್ಪಿ ಓದಿದ್ದಲ್ಲ, ಗೊತ್ತಿದ್ದೇ ಓದಿದ್ದು. ಅದಕ್ಕೇ ಇಲ್ಲಿ ಯಾರ ಹೆಸರನ್ನೂ ಬರೆಯುವುದಿಲ್ಲ. ಹೆಸರಿನ ವಿಷಯದಲ್ಲಿ ನನ್ನ ಮೇಲೆ ನನಗೇ ನಂಬಿಕೆ ಹೋಗಿದೆ.

ನಮ್ಮ ಸ್ಟುಡಿಯೋದಲ್ಲಿ ಕ್ಯಾಮೆರಾ ನನ್ನ ಗಂಡನದು, ಕಂಪ್ಯೂಟರ್ ನನ್ನದು. ಹೊಸನಗರದ ಬಸ್ ಸ್ಟ್ಯಾಂಡಿನಿಂದ ತಾಲ್ಲೂಕು ಕಚೇರಿಗೆ ಹೋಗುವಾಗ ಜೆರಾಕ್ಸ್ ಅಂಗಡಿಗೂ ಗೊಬ್ಬರದ ಅಂಗಡಿಗೂ ನಡುವೆ ಸಿಕ್ಕಿಕೊಂಡ ಹಾಗೆ ನಮ್ಮ ಬಾಗಿಲು. ಮೊಬೈಲು ಬಂದ ಮೇಲೆ ಹಬ್ಬ, ಹುಟ್ಟುಹಬ್ಬದ ಫೋಟೋಕ್ಕೆ ಯಾರೂ ಬರುವುದಿಲ್ಲ. ಬರುವವರೆಲ್ಲ ಅರ್ಜಿಯವರು. ಬಂದವರಿಗೆಲ್ಲ ಮುಖ ಬೆಳ್ಳಗಾಗಬೇಕು, ಕಣ್ಣಿನ ಕೆಳಗಿನ ಕಪ್ಪು ಹೋಗಬೇಕು, ಐದು ನಿಮಿಷದಲ್ಲಿ ಕೈಗೆ ಸಿಗಬೇಕು. ಎಷ್ಟೋ ಜನರಿಗೆ ನಾನು ಮುಖದ ಮೇಲೆ ಹೊಡೆದ ಹಾಗೆ ಹೇಳಿದ್ದುಂಟು, ಇದು ಬ್ಯೂಟಿ ಪಾರ್ಲರ್ ಅಲ್ಲ ಎಂದು. ಕೆಲವು ಅರ್ಜಿಗಳಿಗೆ ಫೋಟೋದ ಕೆಳಗೆ ಬಿಳಿ ಪಟ್ಟಿ ಬಿಟ್ಟು ಹೆಸರು ಹಾಕಿಕೊಡಬೇಕು. ಆ ಪಟ್ಟಿ ನನ್ನ ಪಾಲಿನ ಕೆಲಸ.

ಪಶು ಆಸ್ಪತ್ರೆಯ ಕಾಂಪೌಂಡರ್ ನಮಗೆ ಬೇಕಾದವರು. ನಮ್ಮ ಹಿತ್ತಲಿನ ಕೆಂಪು ದನ ಕರು ಹಾಕಲಾರದೆ ಒದ್ದಾಡುತ್ತಿದ್ದಾಗ, ಭಾನುವಾರ ಎಂದೂ ನೋಡದೆ ಬಂದು, ಅಂಗಿ ಕಳಚಿಟ್ಟು, ತೋಳುಮಟ್ಟ ಕೈ ಹಾಕಿ ಕರು ಎಳೆದವರು. ಕರು ಉಳಿಯಿತು, ದನವೂ ಉಳಿಯಿತು. ಅವತ್ತಿನಿಂದ ಅವರ ಮಾತಿಗೆ ನಾನು ಇಲ್ಲ ಎಂದವಳಲ್ಲ. ಆ ಒಂದು ಉಪಕಾರವೇ ಮುಂದೆ ನನ್ನ ಬಾಯಿ ಕಟ್ಟಿತು.

ಅವರ ಮನೆಯಲ್ಲಿದ್ದ ಹೆಂಡತಿ ಹುಂಚದ ಕಡೆಯವಳು. ಚಿಕ್ಕ ವಯಸ್ಸಿಗೇ ಮೊದಲ ಗಂಡ ತೀರಿಹೋಗಿದ್ದ. ಕಾಂಪೌಂಡರ್ ಆಕೆಯನ್ನು ಸೀರುಡಿಕೆ ಮಾಡಿಕೊಂಡು ಕರೆತಂದಿದ್ದರು. ಸೀರುಡಿಕೆ ಎಂದರೆ ಓಲಗವಿಲ್ಲ, ಪುರೋಹಿತರಿಲ್ಲ. ಹಿರಿಯರ ಎದುರಿಗೆ ಗಂಡು ಹೊಸ ಸೀರೆ ಕೊಡುವುದು, ಹೆಣ್ಣು ಅದನ್ನು ಉಟ್ಟು ಬರುವುದು, ಎಲ್ಲರೂ ಊಟ ಮಾಡಿ ಏಳುವುದು. ಅದಕ್ಕೂ ಮೊದಲು ಅವರಿಗೆ ತೀರ್ಥಹಳ್ಳಿ ಕಡೆಯಿಂದ ತಂದ ಹೆಂಡತಿಯೊಬ್ಬಳಿದ್ದಳು. ಇಬ್ಬರಿಗೂ ಹೊಂದಲಿಲ್ಲ. ಎರಡು ಕಡೆಯ ಹತ್ತು ಜನ ಕೂತು, ಒಂದು ಛಾಪಾ ಕಾಗದದಲ್ಲಿ ಬಿಡುಗಡೆ ಪತ್ರ ಬರೆಸಿ, ಆಕೆಯನ್ನು ತವರಿಗೆ ಕಳಿಸಿದ್ದರು. ಅವರ ಪೈಕಿ ಇದೆಲ್ಲ ಹಿಂದಿನಿಂದ ನಡೆದುಬಂದದ್ದೇ. ಹತ್ತು ಜನ ಕೂತು ಆಯಿತು ಎಂದರೆ ಆಯಿತು. ಆದದ್ದನ್ನು ಸರ್ಕಾರಕ್ಕೂ ಒಂದು ಮಾತು ಹೇಳಬೇಕು ಎಂದು ಆ ಹತ್ತು ಜನರಲ್ಲಿ ಒಬ್ಬರಿಗೂ ಹೊಳೆಯಲಿಲ್ಲ.

ನಿವೃತ್ತಿಗೆ ಕೆಲವು ತಿಂಗಳಿದ್ದಾಗ ಕಾಂಪೌಂಡರ್ ಒಂದು ಬೆಳಿಗ್ಗೆ ಒಬ್ಬರೇ ಬಂದರು. ನನ್ನ ಗಂಡ ಡೈರಿಗೆ ಹಾಲು ಹಾಕಲು ಹೋಗಿದ್ದರು. ಕಾಂಪೌಂಡರ್ ಬಾಗಿಲ ಕಡೆ ಒಮ್ಮೆ ನೋಡಿ, ಜೇಬಿನಿಂದ ಒಂದು ಚೀಟಿ ತೆಗೆದು ಕೀಬೋರ್ಡಿನ ಮೇಲೆ ಇಟ್ಟರು.

"ಮಧ್ಯಾಹ್ನ ಮನೆಯವಳನ್ನ ಕರ್ಕೊಂಡು ಬರ್ತೀನಿ. ಪೆನ್ಶನ್ ಕಾಗದಕ್ಕೆ ಗಂಡ ಹೆಂಡ್ತಿ ಜಂಟಿ ಫೋಟೋ ಬೇಕಂತೆ. ಕೆಳಗೆ ಈ ಹೆಸ್ರು ಹಾಕಿ."

ಓದಿದೆ. ಅವರ ಹೆಸರು ಸರಿಯಾಗಿತ್ತು. ಅದರ ಪಕ್ಕದ್ದು ಹುಂಚದಾಕೆಯ ಹೆಸರಲ್ಲ.

"ಇದು ಯಾರ್ದು?" ಎಂದೆ.

"ಮೊದಲಿನವಳ್ದು. ನೌಕರಿಗೆ ಸೇರಿದಾಗ ಸರ್ವಿಸ್ ಬುಕ್ಕಲ್ಲಿ ಬರ್ಸಿದ್ದು, ಹಾಗೇ ಉಳ್ಕೊಂಡಿದೆ. ಈಗ ತೆಗ್ಸಕ್ಕೆ ಹೋದ್ರೆ ಕೋರ್ಟಿನ ಡಿಕ್ರಿ ತಗೊಂಡು ಬಾ ಅಂತಾರೆ. ಅವಳಿರೋವಾಗ ಎರಡನೇದು ಹೆಂಗೆ ಮಾಡ್ಕೊಂಡೆ ಅಂತ ಎನ್‌ಕ್ವೈರಿ ಹಾಕ್ತಾರೆ. ಪೆನ್ಶನ್ನೇ ನಿಂತ್ರೆ ನಾವಿಬ್ರೂ ಮಣ್ಣು ತಿನ್ಬೇಕಷ್ಟೆ."

"ಹೆಸ್ರು ಅವರ್ದು, ಮುಖ ಇವರ್ದಾ?"

"ಹೆಸ್ರು ಯಾರ್ದಾದ್ರೆ ಎಂತ? ನಾನು ಹೋದ್ಮೇಲೆ ಪೆನ್ಶನ್ ತಗೊಳಕ್ಕೆ ಹೋಗೋದು ಮುಖ. ಮುಖ ನೋಡಿ ಕೊಡ್ತಾರೆ." ಬಾಗಿಲವರೆಗೆ ಹೋದವರು ತಿರುಗಿ ನಿಂತು ದನಿ ಇಳಿಸಿದರು. "ಅವಳಿಗೆ ಓದಕ್ಕೆ ಬರಲ್ಲ. ನೀವೂ ಹೇಳಕ್ಕೆ ಹೋಗ್ಬೇಡಿ."

ಅವತ್ತೇ ನನಗೆ ಇದು ಸರಿಯಿಲ್ಲ ಅನ್ನಿಸಿತು. ಆದರೆ ಆ ಕರು ಎಳೆದ ಕೈಯನ್ನು ನೋಡಿ ನಾನು ಚೀಟಿಯನ್ನು ಮೌಸಿನ ಕೆಳಗೆ ಸೇರಿಸಿದೆ.

ಮಧ್ಯಾಹ್ನ ಇಬ್ಬರೂ ಬಂದರು. ಹುಂಚದಾಕೆ ಇಸ್ತ್ರಿ ಮಾಡಿದ ಹಸಿರು ಸೀರೆ ಉಟ್ಟಿದ್ದಳು. ಕ್ಯಾಮೆರಾದ ಎದುರು ಗಂಡನಿಂದ ಒಂದು ಮಾರು ದೂರ ನಿಂತಳು.

"ಹತ್ರ ನಿಂತ್ಕೊಳ್ಳಿ. ಬೆಳಿಗ್ಗೆ ಜಗಳ ಆಡಿದೀರಾ ಎಂತ?" ಎಂದು ನನ್ನ ಗಂಡ ರೇಗಿಸಿದರು. ಆಕೆ ನಕ್ಕಳು. ನಗು ಮುಗಿಯುವುದರೊಳಗೆ ಫೋಟೋ ತೆಗೆದಾಗಿತ್ತು. ಪೆನ್ಶನ್ ಕಾಗದದ ಫೋಟೋದಲ್ಲಿ ಅಷ್ಟು ಚಂದದ ಮುಖ ನಾನು ಮತ್ತೆ ನೋಡಿಲ್ಲ.

ನಾನು ಚೀಟಿಯಲ್ಲಿದ್ದುದನ್ನು ಹಾಗೆಯೇ ಟೈಪ್ ಮಾಡಿ ಮುದ್ರಿಸಿದೆ. ಆಕೆ ಒಂದು ಪ್ರತಿ ಎತ್ತಿಕೊಂಡು ಬೆಳಕಿಗೆ ಹಿಡಿದಳು.

"ಅಕ್ಕಾ, ಇದ್ರಲ್ಲಿ ನನ್ನ ಹೆಸ್ರು ಎಲ್ಲಿದೆ?"

ನಾನು ಬೆರಳಿಟ್ಟು ತೋರಿಸಿದೆ. "ಇಲ್ಲಿ."

"ಒಂದ್ಸಲ ಓದಿ."

ಕಾಂಪೌಂಡರ್ ಗೋಡೆಯ ಕ್ಯಾಲೆಂಡರ್ ನೋಡುತ್ತ ನಿಂತರು. ನಾನು ಓದಿದೆ. ಮೊದಲು ಅವರ ಹೆಸರು. ಆಮೇಲೆ ಆಕೆಯ ಹೆಸರು, ಪೂರ್ತಿಯಾಗಿ, ಸ್ಪಷ್ಟವಾಗಿ. ನನ್ನ ಬೆರಳು ಮಾತ್ರ ಇನ್ನೊಬ್ಬಳ ಅಕ್ಷರಗಳ ಕೆಳಗೆ ಸಾಗುತ್ತಿತ್ತು.

"ರೇಷನ್ ಕಾರ್ಡಲ್ಲಿ ನಾವು ಹೇಳಿದ್ದೇ ಬರೀತಾರೆ," ಎಂದಳು ಆಕೆ. "ಇದು ಹಂಗಲ್ಲ. ಇವ್ರ ನೌಕರಿ ಕಾಗದ."

ಮನೆಯ ಗೋಡೆಗೆ ಒಂದು ದೊಡ್ಡ ಪ್ರತಿ ಬೇಕೆಂದಳು. ಅದಕ್ಕೆ ಹೆಸರು ಬೇಡ, ಚಂದ ಕಾಣುವುದಿಲ್ಲ ಎಂದು ಕಾಂಪೌಂಡರ್ ಅವಸರದಲ್ಲಿ ಹೇಳಿದರು. ಕಟ್ಟು ಹಾಕಿಸಿ ಕೊಟ್ಟೆವು.

ಆಮೇಲೆ ಆಕೆ ಪೇಟೆಗೆ ಬಂದಾಗೆಲ್ಲ ನಮ್ಮ ಬೆಂಚಿನ ಮೇಲೆ ಐದು ನಿಮಿಷ ಕೂತು ಹೋಗುವುದನ್ನು ರೂಢಿ ಮಾಡಿಕೊಂಡಳು. ಸೌತೆಕಾಯಿ ತರುವಳು, ಮಿಡಿ ಉಪ್ಪಿನಕಾಯಿ ತರುವಳು. ಆ ಉಪ್ಪಿನಕಾಯಿಯ ಭರಣಿಯನ್ನು ನಾನು ತೆರೆಯುತ್ತಲೇ ಇರಲಿಲ್ಲ. ಕೆಲಸವಿದೆ, ಆಮೇಲೆ ಬನ್ನಿ ಎಂದು ಸಿಡುಕುತ್ತಿದ್ದೆ. ಆಕೆ ಅದನ್ನು ನನ್ನ ಸ್ವಭಾವ ಎಂದು ತಿಳಿದು ನಗುತ್ತಿದ್ದಳು. ಹೀಗೆ ಒಂಬತ್ತು ವರ್ಷ ಕಳೆಯಿತು.

ಕಾಂಪೌಂಡರ್ ತೀರಿಕೊಂಡಾಗ ನಾವಿಬ್ಬರೂ ಹೋಗಿದ್ದೆವು. ಅವರ ಬೇರೆ ಒಳ್ಳೆಯ ಫೋಟೋ ಸಿಗದೆ, ಗೋಡೆಯ ಮೇಲಿದ್ದ ಆ ಜಂಟಿ ಫೋಟೋಕ್ಕೇ ಹಾರ ಹಾಕಿದ್ದರು. ಬದುಕಿರುವವಳ ಮುಖದ ಮೇಲೆ ಬೀಳಬಾರದೆಂದು ಯಾರೋ ಹಾರವನ್ನು ದಾರದಿಂದ ಒಂದು ಬದಿಗೆ ಎಳೆದು ಕಟ್ಟಿದ್ದರು. ನಾವು ಕೂತಿದ್ದಾಗಲೇ ದಾರ ಜಾರಿತು. ಹಾರ ಇಬ್ಬರ ಮೇಲೂ ಇಳಿಯಿತು. ಒಬ್ಬ ಮುದುಕಿ ಥಟ್ಟನೆ ಎದ್ದು ಸರಿಮಾಡಿದಳು. ನನಗೆ ಮಾತ್ರ ಅಲ್ಲಿ ಹೆಚ್ಚು ಹೊತ್ತು ಕೂರಲಾಗಲಿಲ್ಲ.

ಮೂರು ವಾರವಾಗಿರಬೇಕು. ಒಂದು ಮಧ್ಯಾಹ್ನ, ಪರಿಚಯವಿಲ್ಲದ ಹೆಂಗಸೊಬ್ಬಳು ಬಂದಳು. ಅರವತ್ತರ ಆಸುಪಾಸು, ತೆಳ್ಳನೆಯ ಮೈ, ಎಣ್ಣೆ ಹಚ್ಚಿ ಬಿಗಿಯಾಗಿ ಬಾಚಿದ ತಲೆ, ಬರಿಯ ಹಣೆ.

"ಎರಡು ಫೋಟೋ ಬೇಕಿತ್ತು ಮಾರಾಯ್ರೆ. ಖಜಾನೆಯವ್ರು ಕೇಳಿದಾರೆ, ಕೆಳಗೆ ಹೆಸ್ರು ಇರ್ಬೇಕಂತೆ. ಬೇಗ ಆಗತ್ತಾ? ನಾನು ವಾಪಸ್ ತೀರ್ಥಹಳ್ಳಿಗೆ ಹೋಗ್ಬೇಕು."

ನನ್ನ ಗಂಡ ಫೋಟೋ ತೆಗೆದರು. ಹೆಸರು ಕೇಳಿದೆ. ಆಕೆ ಹೇಳಿದಳು. ಟೈಪ್ ಮಾಡುವಾಗ ಈ ಹೆಸರನ್ನು ನನ್ನ ಬೆರಳುಗಳು ಮೊದಲೇ ಬಲ್ಲವು ಅನ್ನಿಸಿತು, ಆದರೆ ಎಲ್ಲಿ ಎಂದು ಹೊಳೆಯಲಿಲ್ಲ. ಸರ್ಕಾರಿ ಕಾಗದದ ಫೋಟೋಗಳನ್ನೆಲ್ಲ ನಾನು ಹೆಣ್ಣಾದರೆ ಹೆಣ್ಣಿನ ಹೆಸರು, ಗಂಡಾದರೆ ಗಂಡಿನ ಹೆಸರು, ಜಂಟಿಯಾದರೆ ಹೆಂಡತಿಯ ಹೆಸರು ಕೊಟ್ಟು ಒಂದೇ ಕಡೆ ಇಡುವವಳು. ಕಂಪ್ಯೂಟರ್ ಬದಲಾದರೂ ಹಳೆಯದನ್ನು ಬಿಟ್ಟವಳಲ್ಲ. ಸೇವ್ ಒತ್ತಿದೆ. ಪರದೆಯ ನಡುವೆ ಸಣ್ಣ ಚೌಕ ಎದ್ದು ನಿಂತಿತು: ಈ ಹೆಸರಿನ ಫೈಲ್ ಈಗಾಗಲೇ ಇದೆ, ಅದರ ಜಾಗದಲ್ಲಿ ಇದನ್ನು ಇಡಬೇಕೆ?

ಹಳೆಯದನ್ನು ತೆರೆದು ನೋಡಿದೆ. ಹಸಿರು ಸೀರೆಯ ಹುಂಚದಾಕೆ ನಗುತ್ತಿದ್ದಳು.

ಆ ಹೆಸರಿನ ನಿಜವಾದ ಹೆಂಗಸು ಮೇಜಿನ ಆಚೆ, ಎರಡು ಅಡಿ ದೂರದಲ್ಲಿ, ಚೀಲ ಎದೆಗವಚಿಕೊಂಡು ನಿಂತಿದ್ದಳು. ನಾನು ಪರದೆಯನ್ನು ನನ್ನ ಕಡೆಗೆ ತಿರುಗಿಸಿಕೊಂಡೆ.

"ಎಂತಾಯ್ತು?" ಎಂದಳು.

"ಪ್ರಿಂಟರ್ ತೊಂದ್ರೆ," ಎಂದೆ. ಹೆಸರಿನ ಮುಂದೆ ಎರಡು ಎಂಬ ಅಂಕಿ ಸೇರಿಸಿ ಹೊಸ ಫೈಲ್ ಉಳಿಸಿದೆ. ನಿಜವಾದವಳು ನನ್ನ ಕಂಪ್ಯೂಟರಿನಲ್ಲಿ ಎರಡನೆಯವಳಾದಳು.

ಆಕೆ ಹೋದ ಮೇಲೆ ಗಂಡನಿಗೆ ಎಲ್ಲ ಹೇಳಿದೆ. ಆ ಚೀಟಿಯ ವಿಷಯ ಅವರಿಗೆ ಅವತ್ತಿನವರೆಗೂ ಗೊತ್ತಿರಲಿಲ್ಲ. ಬಹಳ ಹೊತ್ತು ಕ್ಯಾಮೆರಾದ ಲೆನ್ಸ್ ಒರೆಸುತ್ತ ಕೂತರು.

"ಆ ಹಳೇದನ್ನ ಅಳಿಸಿಬಿಡು. ಕೇಳಿದ್ರೆ ನೆನಪಿಲ್ಲ ಅನ್ನು," ಎಂದರು.

"ಖಜಾನೆಯಲ್ಲಿರೋದನ್ನ ಯಾರು ಅಳಿಸ್ತಾರೆ?" ಎಂದು ಅವರ ಮೇಲೆಯೇ ಹಾರಿದೆ. ಅವರ ತಪ್ಪೇನೂ ಇರಲಿಲ್ಲ.

ಅದೇ ವಾರ ಹುಂಚದಾಕೆ ಬಂದಳು. ಬೆಂಚಿನ ಮೇಲೆ ಕೂರಲಿಲ್ಲ.

"ಖಜಾನೆಯಲ್ಲಿ ನನ್ನ ಹೆಸ್ರೇ ಇಲ್ಲ ಅಂತಾರೆ ಅಕ್ಕಾ. ಫೋಟೋ ನೋಡಿದ್ರು, ನನ್ನ ಮುಖ ನೋಡಿದ್ರು, ಒಳಗೆ ಹೋಗಿ ಇನ್ನೊಬ್ರನ್ನ ಕರ್ಕೊಂಡು ಬಂದ್ರು. ಅವ್ರೂ ಹಂಗೇ ನೋಡಿದ್ರು. ಇಬ್ರು ಬಂದಿದೀರಿ, ಕೋರ್ಟಿಂದ ಆರ್ಡರ್ ತನ್ನಿ ಅಂದ್ರು. ಯಾರೋ ಬರ್ಕೊಳೋವಾಗ ತಪ್ಪು ಮಾಡಿದಾರೆ. ಫೋಟೋದ ಕೆಳಗೆ ನೀವು ಹಾಕಿದ ಹೆಸ್ರು ಇದ್ಯಲ್ಲ, ಅದನ್ನ ನೋಡಕ್ಕಾಗಲ್ವಾ ಅವ್ರಿಗೆ?"

ಆಗ ಹೇಳಬಹುದಿತ್ತು. ಅಂಗಡಿಯಲ್ಲಿ ಯಾರೂ ಇರಲಿಲ್ಲ. "ನೋಡುವ, ವಕೀಲ್ರನ್ನ ಕೇಳಿ," ಎಂದೆ. ವಕೀಲರಿಗೆ ಕೊಡಲು ಒಂದು ಪ್ರತಿ ಬೇಕು ಎಂದಳು. ಪಟ್ಟಿಯನ್ನು ಕತ್ತರಿಸಿ ಬರೀ ಫೋಟೋ ಮುದ್ರಿಸಿ ಕೊಟ್ಟೆ. ಆಕೆ ಅದನ್ನು ಸೆರಗಿನಲ್ಲಿ ಒರೆಸಿ ಚೀಲದೊಳಗೆ ಇಟ್ಟುಕೊಂಡಳು.

ಹುಂಚದಾಕೆಗೆ ಸಾಗರದಲ್ಲಿ ಒಬ್ಬ ವಕೀಲರು ಸಿಕ್ಕಿದರು, ದಾವೆ ಅಲ್ಲಿನ ಕೋರ್ಟಿಗೇ ಹೋಯಿತು. ತಾನೇ ಕಾನೂನುಬದ್ಧ ಹೆಂಡತಿ, ಕುಟುಂಬ ಪಿಂಚಣಿ ತನಗೇ ಸಲ್ಲಬೇಕು ಎಂದು ಆಕೆಯ ದಾವೆ. ಬಿಡುಗಡೆ ಎಂಬುದೇ ಆಗಿಲ್ಲ, ನಾನೇ ಹೆಂಡತಿ ಎಂದು ತೀರ್ಥಹಳ್ಳಿಯಾಕೆಯ ತಕರಾರು. ಕೆಲವು ತಿಂಗಳ ಮೇಲೆ ಆ ವಕೀಲರು ನನಗೆ ಫೋನ್ ಮಾಡಿದರು. ಅವರು ಕಚೇರಿಯ ಫೈಲ್ ನೋಡಿ ಬಂದಿದ್ದರು.

"ಫೋಟೋದ ಕೆಳಗಿನ ಹೆಸರು ಹಾಕಿದ್ದು ನೀವೇನಾ?"

"ನಾನೇ. ಕಾಂಪೌಂಡರ್ ಚೀಟಿ ಕೊಟ್ಟಿದ್ರು."

"ನನ್ನ ಕಕ್ಷಿದಾರಳಿಗೆ ಗೊತ್ತಿತ್ತಾ?"

"ಇಲ್ಲ."

"ಅದನ್ನೇ ಕೋರ್ಟಲ್ಲಿ ಹೇಳ್ಬೇಕು ನೀವು. ಆ ಹೆಸರಿನ ಪಕ್ಕದಲ್ಲಿ ಈಯಮ್ಮ ಹೆಬ್ಬೆಟ್ಟೂ ಒತ್ತಿದಾಳೆ. ಗೊತ್ತಿದ್ದೇ ಇನ್ನೊಬ್ಬಳ ಹೆಸರಲ್ಲಿ ಸರ್ಕಾರಕ್ಕೆ ಮೋಸ ಮಾಡಿದಾಳೆ ಅಂತ ಆ ಕಡೆಯವರು ಹಿಡ್ಕೊಂಡು ಕೂತಿದಾರೆ. ಪೆನ್ಶನ್ ಮಾತು ಹಾಗಿರಲಿ, ಪೊಲೀಸ್ ಕೇಸಾದ್ರೆ ಈ ವಯಸ್ಸಲ್ಲಿ ಎಲ್ಲಿಗೆ ಹೋಗ್ತಾಳೆ?"

"ನೀವು ಅವ್ರಿಗೆ ಹೇಳಿದೀರಾ?"

"ಫೈಲಲ್ಲಿ ಹೆಸರು ವ್ಯತ್ಯಾಸ ಇದೆ ಅಂತ ಹೇಳಿದೀನಿ. ಆಫೀಸಿನವರ ತಪ್ಪು ಅಂತ ಒಂದೇ ಪಟ್ಟು. ಫೋಟೋದಲ್ಲಿ ನಮ್ಮಕ್ಕ ಸರಿಯಾಗೇ ಹಾಕಿದಾರೆ ಅಂತಾಳೆ."

ನಮ್ಮಕ್ಕ. ಫೋನ್ ಇಟ್ಟ ಮೇಲೆ ಆ ಮಾತು ದಿನವೆಲ್ಲ ಕಿವಿಯಲ್ಲೇ ಉಳಿಯಿತು. ಅಂಗಡಿಯ ಮುಂದೆ ಅಂಚೆಯವನ ಸೈಕಲ್ ಕಂಡರೆ ಎದ್ದು ಒಳಗೆ ಹೋಗುತ್ತಿದ್ದೆ. ತಾರೀಖು ಮುಂದೆ ಹೋಯಿತು, ಮತ್ತೆ ಮುಂದೆ ಹೋಯಿತು. ಮುಂದೆ ಹೋದಾಗೆಲ್ಲ ನಿರಾಳವಾಗುತ್ತಿತ್ತು, ಮರುದಿನವೇ ಮತ್ತೆ ಭಯ. ಒಂದು ದಿನ ಸಮನ್ಸ್ ಬಂತು. ಅದರಲ್ಲಿ ನನ್ನ ಹೆಸರು ಅಚ್ಚುಕಟ್ಟಾಗಿ ಟೈಪಾಗಿತ್ತು, ಒಂದಕ್ಷರ ತಪ್ಪಿರಲಿಲ್ಲ.

ಸಾಕ್ಷಿ ಹೇಳುವ ದಿನ ಸಾಗರದ ಬಸ್ಸಿನಲ್ಲಿ ಹುಂಚದಾಕೆ ನನ್ನ ಪಕ್ಕದಲ್ಲೇ ಕೂತಳು. ಟವಲಿನಲ್ಲಿ ಸುತ್ತಿದ ಏನನ್ನೋ ತೊಡೆಯ ಮೇಲೆ ಇಟ್ಟುಕೊಂಡಿದ್ದಳು. ಗೋಡೆಯ ಮೇಲಿದ್ದ ಫೋಟೋ ಎಂದು ಅಂಚು ನೋಡಿಯೇ ತಿಳಿಯಿತು.

"ವಕೀಲ್ರು ಬೇಡ ಅಂದ್ರು. ನಾನೇ ತಂದೆ. ದೊಡ್ದಾಗಿ ಕಾಣತ್ತಲ್ಲ," ಎಂದಳು. "ನೀವು ಎಂತ ಹೆಚ್ಗೆ ಹೇಳೋದು ಬೇಡ ಅಕ್ಕಾ. ಅವತ್ತು ನಂಗೆ ಓದಿ ಹೇಳಿದ್ರಲ್ಲ, ಅದನ್ನೇ ಇವತ್ತೂ ಹೇಳಿ. ಅಷ್ಟು ಸಾಕು."

ಬಟ್ಟೆಮಲ್ಲಪ್ಪದ ಸ್ಟಾಪ್ ಬಂತು, ಹೋಯಿತು. ಹೇಳಬೇಕೆಂದರೆ ದಾರಿಯುದ್ದ ಸಮಯವಿತ್ತು. ಎರಡು ಸಲ ಬಾಯಿ ತೆರೆದೆ. ಒಂದು ಸಲ ಕಿಟಕಿ ಹಾಕಲೇ ಎಂದೆ, ಇನ್ನೊಂದು ಸಲ ತಿಂಡಿ ಆಯಿತೇ ಎಂದೆ. ನಾನು ಹೇಡಿ. ಅದನ್ನು ಬೇರೆ ಮಾತಿನಲ್ಲಿ ಹೇಳಲು ನನಗೆ ಬರುವುದಿಲ್ಲ.

ಕೋರ್ಟಿನ ಜಗಲಿಯಲ್ಲಿ ಒಂದೇ ಬೆಂಚು ಖಾಲಿಯಿತ್ತು. ತೀರ್ಥಹಳ್ಳಿಯಾಕೆ ಆಗಲೇ ಅದರ ತುದಿಯಲ್ಲಿ ಕೂತಿದ್ದಳು. ಹುಂಚದಾಕೆ ಇನ್ನೊಂದು ತುದಿಗೆ ಕೂತಳು. ನಡುವೆ ನಾನು. ಹೀಗೆ ಒಂದು ಗಂಟೆ.

"ಫೋಟೋ ಅಂಗ್ಡಿಯವ್ರಲ್ವಾ ನೀವು?" ಎಂದು ತೀರ್ಥಹಳ್ಳಿಯಾಕೆ ಇದ್ದಕ್ಕಿದ್ದಂತೆ ಕೇಳಿದಳು. ಹೌದೆಂದೆ. "ಎಷ್ಟೊಳ್ಳೆ ಫೋಟೋ ತೆಗ್ದಿದ್ರಿ ಮಾರಾಯ್ರೆ. ಶಾಲೆಯಲ್ಲಿ ಬಿಸಿಯೂಟ ಮಾಡಿ ಮಾಡಿ ಮುಖ ಹೊಗೆ ಹಿಡ್ದಿದೆ, ಆದ್ರೂ ಚಂದ ಬಂದಿತ್ತು."

ಹುಂಚದಾಕೆ ನನ್ನ ಕಡೆ ತಿರುಗಿದಳು. "ಇವ್ರಿಗೂ ನೀವೇ ತೆಗ್ದಿದ್ದಾ?"

"ಅರ್ಜಿಗೆ ಅಂತ ಬಂದಿದ್ರು," ಎಂದೆ.

ಹುಂಚದಾಕೆ ಟವಲಿನ ಕಟ್ಟನ್ನು ಇನ್ನಷ್ಟು ಹತ್ತಿರಕ್ಕೆ ಎಳೆದುಕೊಂಡಳು. ತೀರ್ಥಹಳ್ಳಿಯಾಕೆ ತನ್ನಷ್ಟಕ್ಕೆ ಮುಂದುವರಿಸಿದಳು. "ಅಣ್ಣ ಇಲ್ಲಿ ಹೆಬ್ಬೆಟ್ಟು ಒತ್ತು ಅಂದ, ಒತ್ತಿದೆ. ಹತ್ತು ಜನ ಗಂಡಸ್ರು ಕೂತಿದ್ರು. ಎಂತ ಬರ್ದಿದೆ ಅಂತ ಒಬ್ರೂ ಓದಿ ಹೇಳ್ಲಿಲ್ಲ. ನಾನೂ ಕೇಳ್ಲಿಲ್ಲ."

ಕೇಳಿದವಳಿಗೆ ಏನಾಯಿತು ಎಂಬುದು ಬೆಂಚಿನ ಮಧ್ಯದಲ್ಲಿ ಕೂತ ನನಗೆ ಒಬ್ಬಳಿಗೇ ಗೊತ್ತಿತ್ತು. ಒಳಗಿನಿಂದ ನನ್ನ ಹೆಸರು ಕೂಗಿದರು, ಮೂರು ಸಲ.

ಪ್ರಮಾಣ ಮಾಡಿಸಿದರು. ಹುಂಚದಾಕೆಯ ವಕೀಲರು ಕಚೇರಿಯ ಫೈಲ್ ತೆರೆದು ನನ್ನ ಮುಂದಿಟ್ಟರು. ಒಂಬತ್ತು ಹತ್ತು ವರ್ಷದಲ್ಲಿ ಫೋಟೋ ಮಾಸಿರಲಿಲ್ಲ. ನಾವು ಬಳಸುವ ಕಾಗದ ಒಳ್ಳೆಯದು.

"ಇದರ ಕೆಳಗೆ ಏನು ಬರೆದಿದೆ, ನ್ಯಾಯಾಲಯಕ್ಕೆ ಓದಿ ಹೇಳಿ."

ಅದೇ ಪಟ್ಟಿ. ಅದೇ ಅಕ್ಷರ. ಹಿಂದಿನ ಸಾಲಿನಲ್ಲಿ ಹುಂಚದಾಕೆ ಕತ್ತು ಮುಂದೆ ಚಾಚಿ ಕೂತಿದ್ದಳು, ಕೇಳಿಸಿಕೊಳ್ಳಲು. ನಾನು ಮೊದಲು ಕಾಂಪೌಂಡರ್ ಹೆಸರು ಓದಿದೆ. ಆಮೇಲೆ ಅಲ್ಲಿದ್ದದ್ದನ್ನು ಓದಿದೆ.

ಚೀಟಿಯ ವಿಷಯ ಕೇಳಿದರು, ಹೇಳಿದೆ. ಆಮೇಲೆ ಆ ಕಡೆಯ ವಕೀಲರು ಎದ್ದರು. ಅವರಿಗೆ ಅವಸರವೇ ಇರಲಿಲ್ಲ.

"ಈ ಹೆಸರು ತನ್ನದಲ್ಲ ಎಂದು ವಾದಿಗೆ ಗೊತ್ತಿತ್ತು. ಗೊತ್ತಿದ್ದೇ ನಿಂತು ಫೋಟೋ ತೆಗೆಸಿಕೊಂಡರು. ಹೌದೋ ಅಲ್ಲವೋ?"

"ಅಲ್ಲ."

"ನಿಮಗೆ ಹೇಗೆ ಗೊತ್ತು?"

"ಓದಿ ಹೇಳಿ ಅಂತ ನನ್ನನ್ನೇ ಕೇಳಿದ್ರು."

"ನೀವು ಓದಿದಿರಾ?"

"ಓದಿದೆ."

"ಹಾಗಾದರೆ ಗೊತ್ತಾಗಿರಲೇಬೇಕಲ್ಲ?"

"ಇದನ್ನು ಓದಲಿಲ್ಲ. ಅವರ ಹೆಸರನ್ನು ಓದಿದೆ."

ಟೈಪ್ ಮಾಡುತ್ತಿದ್ದವರ ಕೈ ನಿಂತಿತು. ನ್ಯಾಯಾಧೀಶರು ಕನ್ನಡಕದ ಮೇಲಿನಿಂದ ನೋಡಿದರು. "ಗೊತ್ತಿದ್ದೂ ಹಾಗೆ ಓದಿದ್ರಾ?"

"ಗೊತ್ತಿದ್ದೂ."

ಹೇಳಿಬಿಟ್ಟರೆ ಹಗುರಾಗುತ್ತದೆ ಎಂದು ಎಷ್ಟೋ ದಿನ ಅಂದುಕೊಂಡಿದ್ದೆ. ಏನೂ ಹಗುರಾಗಲಿಲ್ಲ. ಇಳಿಯುವಾಗ ಹುಂಚದಾಕೆಯ ಕಡೆ ನೋಡಿದೆ. ಆಕೆ ನನ್ನನ್ನು ನೋಡುತ್ತಿರಲಿಲ್ಲ. ತೊಡೆಯ ಮೇಲಿನ ಕಟ್ಟಿನಿಂದ ಟವಲು ಸ್ವಲ್ಪ ಸರಿದಿತ್ತು. ಅಲ್ಲಿ ಕಾಣುತ್ತಿದ್ದ ಗಂಡನ ಭುಜವನ್ನೇ ನೋಡುತ್ತ ಕೂತಿದ್ದಳು.

ಸಂಜೆ ಸಾಗರದ ಬಸ್ ಸ್ಟ್ಯಾಂಡಿನಲ್ಲಿ ನ್ಯಾಯಾಲಯದ ಆಯಾಸ, ಹಸಿವು, ಯಾವುದೂ ಆಕೆಯ ಮುಖದಲ್ಲಿ ಇರಲಿಲ್ಲ. ಹತ್ತಿರ ಬಂದು ನಿಂತಳು.

"ಅವತ್ತು ನೀವು ಓದೋವಾಗ ಇವ್ರು ಅಲ್ಲೇ ಇದ್ರಲ್ಲ?"

"ಇದ್ರು."

"ಕೇಳಿಸ್ಕೊಂಡ್ರಾ?"

ಒಂದು ಸುಳ್ಳು ಹೇಳಿದ್ದರೆ ಆಕೆಗೆ ಗಂಡನಾದರೂ ಉಳಿಯುತ್ತಿದ್ದನೇನೋ. ಆದರೆ ಚೀಟಿಯ ಮಾತು ಕೋರ್ಟಿನಲ್ಲಿ ಆಗಲೇ ಆಗಿತ್ತು. ನನಗೂ ಸುಳ್ಳು ಸಾಕಾಗಿತ್ತು.

"ಕೇಳಿಸ್ಕೊಂಡ್ರು," ಎಂದೆ.

ತಲೆಯಾಡಿಸಿದಳು. ಬಸ್ ಬಂದಾಗ ಮುಂದಿನ ಬಾಗಿಲಿಂದ ಹತ್ತಿ ಡ್ರೈವರ್ ಹಿಂದಿನ ಸೀಟಿನಲ್ಲಿ ಕೂತಳು. ನಾನು ಹಿಂದೆ ಕೂತೆ. ಹೊಸನಗರದವರೆಗೂ ಆಕೆ ಹಿಂತಿರುಗಿ ನೋಡಲಿಲ್ಲ.

ದಾವೆ ವಜಾ ಆಯಿತು. ಬಿಡುಗಡೆ ಪತ್ರವನ್ನು ಇಟ್ಟುಕೊಂಡಿದ್ದ ಹಿರಿಯರು ಯಾವಾಗಲೋ ತೀರಿಹೋಗಿದ್ದರು, ಪತ್ರ ಯಾರ ಪೆಟ್ಟಿಗೆಯಲ್ಲೂ ಸಿಗಲಿಲ್ಲ. ಹತ್ತು ಜನರಲ್ಲಿ ಉಳಿದವರು ಇಬ್ಬರು. ಕೋರ್ಟು ಎಂದೊಡನೆ ಇಬ್ಬರಿಗೂ ನೆನಪಿಲ್ಲವಾಯಿತು. ಮೊದಲ ಮದುವೆ ಮುರಿದದ್ದೇ ಸಾಬೀತಾಗದ ಮೇಲೆ ಸೀರುಡಿಕೆಗೆ ಬೆಲೆಯಿಲ್ಲ. ಪಿಂಚಣಿ ತೀರ್ಥಹಳ್ಳಿಯಾಕೆಗೆ ಹೋಯಿತು. ಆಕೆಗೆ ಸಿಕ್ಕಿದ್ದು ಅನ್ಯಾಯ ಎಂದು ನಾನು ಹೇಳಲಾರೆ. ಹುಂಚದಾಕೆಗೆ ಆ ಹೆಸರಿನ ವಿಷಯ ತಿಳಿದಿರಲಿಲ್ಲ ಎಂದು ನನ್ನ ಸಾಕ್ಷ್ಯ ಆಧರಿಸಿ ತೀರ್ಪಿನಲ್ಲಿ ಒಂದು ಸಾಲು ಬರೆದಿದ್ದರಂತೆ. ಪೊಲೀಸ್ ಕೇಸು ಆಗಲಿಲ್ಲ. ವಕೀಲರು ಅದನ್ನೇ ದೊಡ್ಡ ಗೆಲುವು ಎಂಬಂತೆ ಫೋನಿನಲ್ಲಿ ಹೇಳಿದರು.

ಆಮೇಲೆ ಬಹಳ ದಿನ ಆಕೆ ನಮ್ಮ ಬೀದಿಯಲ್ಲಿ ಕಾಣಲಿಲ್ಲ. ಬಸ್ಸಿಳಿದವಳು ಎದುರು ಬದಿಯಿಂದ ಹೋಗುತ್ತಾಳೆ ಎಂದು ನನ್ನ ಗಂಡ ಹೇಳಿದರು. ಆ ಹಳೆಯ ಫೈಲ್ ನನ್ನ ಕಂಪ್ಯೂಟರಿನಲ್ಲಿ ಹಾಗೆಯೇ ಇತ್ತು. ಬೇರೆ ಯಾರದನ್ನೋ ಹುಡುಕುವಾಗ ಒಮ್ಮೊಮ್ಮೆ ಎದುರಾಗುತ್ತಿತ್ತು, ಆ ಹೆಸರು, ಪಕ್ಕದಲ್ಲಿ ಆ ಸಣ್ಣ ನಗು.

ಕಳೆದ ಚಳಿಗಾಲದಲ್ಲಿ ಒಂದು ದಿನ ಬಂದಳು. ಅಂಗಡಿಯಲ್ಲಿ ಒಬ್ಬ ಗಿರಾಕಿ ಇದ್ದ, ಲೈಸೆನ್ಸಿಗೆ ಫೋಟೋ ತೆಗೆಸಿಕೊಂಡು ಬೆಂಚಿನ ಮೇಲೆ ಕಾಯುತ್ತಿದ್ದವನು. ಆಕೆ ಸೊರಗಿದ್ದಳು. ನನ್ನನ್ನು ಅಕ್ಕಾ ಎನ್ನಲಿಲ್ಲ.

"ವಿಧವಾ ವೇತನಕ್ಕೆ ಅರ್ಜಿ ಹಾಕ್ಬೇಕು. ಒಂದು ಫೋಟೋ ಕೊಡಿ."

ನನ್ನ ಮುಖದಲ್ಲಿ ಪ್ರಶ್ನೆ ಕಂಡಿರಬೇಕು. ಆಕೆಯೇ ಹೇಳಿದಳು. "ಇವ್ರ ಹೆಂಡ್ತಿ ನಾನಲ್ಲ ಅಂತ ಕೋರ್ಟಲ್ಲಿ ಆಗಿದ್ಯಲ್ಲ. ಹುಂಚದ ಮೊದಲಿನವ್ರ ಹೆಸ್ರಲ್ಲಿ ಹಾಕಿ ಅಂದ್ರು. ಅವ್ರು ಸತ್ತಿದ್ದು ದಾಖಲೆಯಲ್ಲಿ ಇದೆಯಂತೆ."

ಎಂದೋ ತೀರಿಕೊಂಡ, ಮುಖವೂ ಸರಿಯಾಗಿ ನೆನಪಿರದ ಗಂಡನ ವಿಧವೆಯಾಗಲು ಆಕೆ ಬಂದಿದ್ದಳು. ನನ್ನ ಗಂಡ ಏನೂ ರೇಗಿಸದೆ ಫೋಟೋ ತೆಗೆದರು. ಈ ಸಲ ಪಕ್ಕದಲ್ಲಿ ನಿಲ್ಲಿಸಲು ಯಾರೂ ಇರಲಿಲ್ಲ.

"ಈ ಅರ್ಜಿಗೆ ಕೆಳಗೆ ಹೆಸ್ರು ಬೇಕಾಗಲ್ಲ," ಎಂದೆ.

"ಹಾಕಿ," ಎಂದಳು.

ಹಾಕಿದೆ. ಆಕೆಯ ಹೆಸರು, ಪೂರ್ತಿಯಾಗಿ. ಎರಡು ಸಲ ನೋಡಿದೆ, ಮೂರನೆಯ ಸಲವೂ ನೋಡಿದೆ. ಮುದ್ರಿಸಿ, ಅಂಚು ಕತ್ತರಿಸಿ ಕೊಡುವಾಗ ಎಂದಿನ ರೂಢಿಯಲ್ಲಿ ಬೆರಳು ಪಟ್ಟಿಯ ಮೇಲೆ ಹೋಯಿತು. ಓದಿ ಹೇಳೋಣವೆಂದು ಬಾಯಿ ತೆರೆದೆ.

ಆಕೆ ಫೋಟೋವನ್ನು ನನ್ನ ಬೆರಳಿನ ಕೆಳಗಿನಿಂದ ಎಳೆದುಕೊಂಡಳು. ಬೆಂಚಿನ ಹತ್ತಿರ ಹೋಗಿ, ಆ ಗುರುತಿಲ್ಲದ ಗಿರಾಕಿಯ ಮುಂದೆ ಹಿಡಿದಳು.

"ಅಣ್ಣಾ, ಇಲ್ಲಿ ಎಂತ ಬರ್ದಿದಾರೆ? ಒಂದ್ಸಲ ಓದಿ ಹೇಳ್ತೀರಾ?"

ಆತ ಓದಿದ.

"ಇನ್ನೊಂದ್ಸಲ," ಎಂದಳು.

ಆತ ನನ್ನ ಕಡೆ ಒಮ್ಮೆ ನೋಡಿ, ಮತ್ತೆ ಓದಿದ. ಆಕೆ ಫೋಟೋವನ್ನು ಚೀಲದಲ್ಲಿಟ್ಟುಕೊಂಡು ತಾಲ್ಲೂಕು ಕಚೇರಿಯ ಕಡೆ ನಡೆದಳು.